ಆರು ವರ್ಷ ಕಟ್ಟಿದ ಮೇಲೆ ಉಳಿದ ಕಂತುಗಳು 244: ಮನೆ ಸಾಲ ಪಡೆಯುವವರಿಗೆ ಒಂದು ಎಚ್ಚರಿಕೆ

ಇಪ್ಪತ್ತು ವರ್ಷಕ್ಕೆ, ಅಂದರೆ 240 ಕಂತುಗಳಿಗೆ ಎಂದು ಮನೆ ಸಾಲ ಪಡೆದು, ಆರು ವರ್ಷ ಒಂದು ಕಂತನ್ನೂ ತಪ್ಪಿಸದೆ ಕಟ್ಟಿದ ಮೇಲೆ, ಬೇರೊಂದು ಕೆಲಸಕ್ಕೆ ಬೇಕಾಯಿತೆಂದು ನಾನು ಸಾಲದ ಖಾತೆಯ ವಿವರಪಟ್ಟಿಯನ್ನು ತರಿಸಿಕೊಂಡೆ. ಮೊದಲ ಪುಟದ ಕೆಳಗೆ ಸಣ್ಣ ಅಕ್ಷರಗಳಲ್ಲಿ “ಉಳಿದಿರುವ ಕಂತುಗಳು: 244” ಎಂದಿತ್ತು. ಅಚ್ಚಿನ ತಪ್ಪಿರಬೇಕೆಂದುಕೊಂಡು ಅದರ ಸುತ್ತ ಪೆನ್ನಿನಿಂದ ಗೆರೆ ಎಳೆದೆ. 240ರಲ್ಲಿ 72 ಕಳೆದರೆ 168 ಉಳಿಯಬೇಕು. ಆರು ವರ್ಷ ಕಟ್ಟಿದವನಿಗೆ ಸಾಲ ತೆಗೆದುಕೊಂಡ ದಿನಕ್ಕಿಂತಲೂ ನಾಲ್ಕು ಕಂತು ಹೆಚ್ಚಾಗಿ ಉಳಿಯುವುದು ಹೇಗೆ ಸಾಧ್ಯ? ಮರುದಿನ ಸಾಲ ಕೊಟ್ಟ ಸಂಸ್ಥೆಯ ಕಚೇರಿಗೆ ಹೋಗಿ ಕೇಳಿದಾಗ, ಮೇಜಿನ ಆಚೆ ಕುಳಿತಿದ್ದವರು ಪಟ್ಟಿಯನ್ನೊಮ್ಮೆ ನೋಡಿ, “ಸರಿಯಾಗಿಯೇ ಇದೆ ಸರ್. ನಿಮ್ಮ ಕಂತು ಹೆಚ್ಚಾಗಿಲ್ಲವಲ್ಲ, ಅವಧಿ ಮಾತ್ರ ಹೊಂದಾಣಿಕೆ ಆಗಿದೆ” ಎಂದರು. ಅವರ ದನಿಯಲ್ಲಿ ಒರಟುತನವಿರಲಿಲ್ಲ. ನನಗೆ ಸಮಾಧಾನವಾಗಲಿ ಎಂದೇ ಅವರು ಹಾಗೆ ಹೇಳಿದ್ದರು.

ಆ “ಹೊಂದಾಣಿಕೆ”ಯ ಬೆಲೆ ಎಷ್ಟು ಎಂಬುದನ್ನು ಕುಳಿತು ಲೆಕ್ಕ ಹಾಕಿದ ಮೇಲೆ ಇದನ್ನು ಬರೆಯುತ್ತಿದ್ದೇನೆ. ಓದುವವರಿಗೆ ಅನುಕೂಲವಾಗಲೆಂದು ಎಲ್ಲ ಅಂಕಿಗಳನ್ನೂ ಸಾಲದ ಪ್ರತಿ ಒಂದು ಲಕ್ಷಕ್ಕೆ ಇಳಿಸಿ ಕೊಟ್ಟಿದ್ದೇನೆ; ನಿಮ್ಮ ಸಾಲ ಎಷ್ಟು ಲಕ್ಷವೋ ಅಷ್ಟರಿಂದ ಗುಣಿಸಿಕೊಳ್ಳಬಹುದು.

ಸಾಲ ಪಡೆಯುವಾಗ ನಾನೂ ನನ್ನ ಹೆಂಡತಿಯೂ ಹತ್ತಾರು ಪ್ರಶ್ನೆಗಳನ್ನು ಕೇಳಿದ್ದೆವು ಎಂಬ ನಂಬಿಕೆ ನಮಗಿತ್ತು. ಈಗ ನೆನೆದುಕೊಂಡರೆ, ಅವೆಲ್ಲವೂ ಒಂದೇ ಪ್ರಶ್ನೆಯ ಬೇರೆ ಬೇರೆ ರೂಪಗಳು: ತಿಂಗಳಿಗೆ ಎಷ್ಟು ಬರುತ್ತದೆ? ಶೇಕಡಾ 9ರ ಬಡ್ಡಿಯಲ್ಲಿ 20 ವರ್ಷಕ್ಕೆ ಲಕ್ಷಕ್ಕೆ ಸುಮಾರು 900 ಎಂಬ ಉತ್ತರ ಬಂತು. ನಮ್ಮ ಸಂಬಳದಲ್ಲಿ ಅಷ್ಟು ಕಟ್ಟಬಹುದು ಎಂದು ಖಾತ್ರಿಯಾದ ಕೂಡಲೇ ಸಹಿ ಹಾಕಿದೆವು. 900ನ್ನು 240ರಿಂದ ಗುಣಿಸಿ ನೋಡುವ ಕೆಲಸಕ್ಕೆ ಅರ್ಧ ನಿಮಿಷ ಸಾಕಿತ್ತು. ಗುಣಿಸಿದರೆ 2,16,000 ಆಗುತ್ತದೆ. ಒಂದು ಲಕ್ಷ ತಂದು ಎರಡು ಲಕ್ಷದ ಹದಿನಾರು ಸಾವಿರ ಹಿಂತಿರುಗಿಸುವುದು, ಅದೂ ಬಡ್ಡಿಯ ದರ ಒಮ್ಮೆಯೂ ಏರದಿದ್ದರೆ ಮಾತ್ರ.

ಇನ್ನೂ ಮುಖ್ಯವಾದದ್ದು ಆ 900ರ ಒಳಗೆ ಏನಿದೆ ಎಂಬುದು. ಮೊದಲ ತಿಂಗಳು ಒಂದು ಲಕ್ಷದ ಮೇಲಿನ ಬಡ್ಡಿಯೇ 750. ಅಸಲಿಗೆ ಹೋಗುವುದು ಸುಮಾರು 150 ಮಾತ್ರ. ಕಂತು ಬದಲಾಗದಿದ್ದರೂ ಪ್ರತಿ ತಿಂಗಳೂ ಬಡ್ಡಿಯ ಪಾಲು ಕೊಂಚ ಕಡಿಮೆಯಾಗಿ ಅಸಲಿನ ಪಾಲು ಕೊಂಚ ಹೆಚ್ಚುತ್ತದೆ, ಆದರೆ ಆರಂಭದ ವರ್ಷಗಳಲ್ಲಿ ಈ ಏರಿಕೆ ಬಹಳ ನಿಧಾನ. ದರ ಬದಲಾಗದೆ ಐದು ವರ್ಷ ಕಟ್ಟಿದರೆ ಕೈಬಿಟ್ಟ ಹಣ ಸುಮಾರು 54,000. ಸಾಲ ಇಳಿಯುವುದು ಸುಮಾರು 11,300. ಅಸಲು ಅರ್ಧಕ್ಕೆ ಬರಲು 20 ವರ್ಷಗಳಲ್ಲಿ 14 ವರ್ಷಗಳೇ ಬೇಕು. ಹತ್ತು ವರ್ಷ ಕಟ್ಟಿದರೆ ಅರ್ಧ ಸಾಲ ತೀರಿತು ಎಂದು ಭಾವಿಸುವವರು ನನ್ನ ಪರಿಚಯದಲ್ಲೇ ಅನೇಕರಿದ್ದಾರೆ, ನಾನೂ ಹಾಗೆಯೇ ಭಾವಿಸಿದ್ದೆ. ಇದರಲ್ಲಿ ಮೋಸವೇನೂ ಇಲ್ಲ. ಬಾಕಿ ಇರುವ ಸಾಲದ ಮೇಲೆ ಬಡ್ಡಿ ಬರುತ್ತದೆ, ಬಾಕಿ ದೊಡ್ಡದಾಗಿರುವಾಗ ಬಡ್ಡಿಯೂ ದೊಡ್ಡದು. ಆದರೆ ಇದು ಗೊತ್ತಿಲ್ಲದವನು ಮುಂದೆ ಬರುವ ಪೆಟ್ಟಿಗೆ ಸಿದ್ಧನಾಗಿರುವುದಿಲ್ಲ.

ನಮಗೆ ಬಿದ್ದ ಪೆಟ್ಟು ಹೀಗಿತ್ತು. ಕರಾರಿನಲ್ಲಿ ಬಡ್ಡಿದರ ಮೊದಲ ಮೂರು ವರ್ಷ ಸ್ಥಿರ, ಅನಂತರ ಮಾರುಕಟ್ಟೆಯನ್ನು ಅನುಸರಿಸಿ ಬದಲಾಗುವುದು ಎಂದಿತ್ತು. ಅದನ್ನು ಓದಿಯೇ ಸಹಿ ಹಾಕಿದ್ದೆವು. ದರ ಏರಿದರೆ ಕಂತು ಏರುತ್ತದೆ, ಆಗ ನೋಡಿಕೊಳ್ಳೋಣ ಎಂದುಕೊಂಡಿದ್ದೆವು. ಮೂರು ವರ್ಷ ಮುಗಿದಾಗ ದರ 9ರಿಂದ 10.5ಕ್ಕೆ ಏರಿತು, ಕಂತು ಏರಲಿಲ್ಲ. ಖಾತೆಯಿಂದ ಪ್ರತಿ ತಿಂಗಳು ಅದೇ ಮೊತ್ತ, ಅದೇ ತಾರೀಖಿನಂದು ಕಡಿತವಾಗುತ್ತಿತ್ತು. ಒಂದು ಪತ್ರ ಬಂದಿತ್ತು ನಿಜ. ಅದರಲ್ಲಿ ಹೊಸ ದರದ ಜೊತೆಗೆ “ಮಾಸಿಕ ಕಂತಿನಲ್ಲಿ ಬದಲಾವಣೆ ಇರುವುದಿಲ್ಲ” ಎಂಬ ಸಾಲಿತ್ತು. ಅದನ್ನು ಓದಿ ನಿಟ್ಟುಸಿರು ಬಿಟ್ಟು, ಪತ್ರವನ್ನು ಕಡತಕ್ಕೆ ಸೇರಿಸಿದೆವು.

ಆ ಸಾಲಿನ ಹಿಂದೆ ನಡೆದದ್ದನ್ನು ಅಂಕಿಗಳಲ್ಲಿ ನೋಡಿ. ಮೂರು ವರ್ಷ ಮುಗಿದಾಗ ಬಾಕಿ ಸುಮಾರು 93,840 ಇತ್ತು. ಹಳೆಯ ದರದಲ್ಲಿ ಮುಂದಿನ ಕಂತಿನಿಂದ ಅಸಲಿಗೆ 196 ಸೇರಬೇಕಾಗಿತ್ತು. ಹೊಸ ದರದಲ್ಲಿ ತಿಂಗಳ ಬಡ್ಡಿಯೇ 821 ಆಗಿ, ಅಸಲಿಗೆ ಸೇರಿದ್ದು 79 ಮಾತ್ರ. ದರದಲ್ಲಿ ಒಂದೂವರೆ ಅಂಶದ ಏರಿಕೆ ಎಂದರೆ ಕೇಳುವುದಕ್ಕೆ ಚಿಕ್ಕದು. ಅಸಲು ತೀರುವ ವೇಗ ಮಾತ್ರ ಅರ್ಧಕ್ಕಿಂತಲೂ ಕೆಳಗಿಳಿಯಿತು. ಉಳಿದಿದ್ದ 204 ಕಂತುಗಳು ಒಂದೇ ದಿನದಲ್ಲಿ 280 ಆದವು. ಅನಂತರದ ಮೂರು ವರ್ಷಗಳಲ್ಲಿ ನಾವು ಕಟ್ಟಿದ 32,400ರಲ್ಲಿ ಸಾಲ ಇಳಿದದ್ದು ಸುಮಾರು 3,300. ಹೊಳೆಯಲ್ಲಿ ಹುಣಸೆಹಣ್ಣು ತೊಳೆದಂತೆ ಎನ್ನುತ್ತಾರಲ್ಲ, ಆ ಮೂರು ವರ್ಷಗಳ ಲೆಕ್ಕ ನೋಡಿದಾಗ ನನಗೆ ಆ ಮಾತಿನ ಪೂರ್ತಿ ಅರ್ಥ ತಿಳಿಯಿತು. ಹಾಗೆಯೇ ಬಿಟ್ಟಿದ್ದರೆ ಸಾಲ ಮುಗಿಯಲು 20 ವರ್ಷಗಳ ಬದಲು 26 ವರ್ಷಗಳ ಮೇಲೆ ನಾಲ್ಕು ತಿಂಗಳು ಹಿಡಿಯುತ್ತಿತ್ತು, ಒಟ್ಟು ಪಾವತಿ 2,84,000 ದಾಟುತ್ತಿತ್ತು. ಮಕ್ಕಳ ಓದು ಮುಗಿದು, ನಾನು ದುಡಿಮೆಯಿಂದ ಬಿಡುವು ಪಡೆಯಬೇಕೆಂದುಕೊಂಡಿದ್ದ ವರ್ಷಗಳೂ ಕಂತಿಗೇ ಹೋಗುತ್ತಿದ್ದವು.

ಇಲ್ಲಿ ಇನ್ನೊಂದು ಅಪಾಯವನ್ನೂ ಹೇಳಬೇಕು. ಸಾಲ ತೆಗೆದುಕೊಂಡ ಹೊಸದರಲ್ಲೇ ದರ 9ರಿಂದ 11ಕ್ಕೆ ಏರಿ ಕಂತು 900 ಆಗಿಯೇ ಉಳಿದರೆ, ಲಕ್ಷದ ಮೇಲಿನ ತಿಂಗಳ ಬಡ್ಡಿ 917 ಆಗುತ್ತದೆ. ಆಗ ಕಂತು ಬಡ್ಡಿಗೇ ಸಾಲದು. ನಿಯಮಿತವಾಗಿ ಕಟ್ಟುತ್ತಿದ್ದರೂ ಸಾಲ ಬೆಳೆಯುತ್ತಲೇ ಹೋಗುತ್ತದೆ. ಅವಧಿ ದೀರ್ಘವಾದಷ್ಟೂ ಕಂತಿನಲ್ಲಿ ಅಸಲಿನ ಪಾಲು ತೆಳುವಾಗಿರುವುದರಿಂದ ಈ ಅಪಾಯ ಹೆಚ್ಚು. ಮೂವತ್ತು ವರ್ಷಕ್ಕೆ ತೆಗೆದುಕೊಂಡರೆ ಕಂತು ಕಡಿಮೆಯಾಗುತ್ತದೆ ಎಂದು ಸಲಹೆ ಕೊಡುವವರಿದ್ದಾರೆ. ಶೇಕಡಾ 9ರಲ್ಲಿ ಕಂತು 900ರಿಂದ 805ಕ್ಕೆ ಇಳಿಯುತ್ತದೆ, ಅಷ್ಟೇ. ತಿಂಗಳಿಗೆ 95 ಉಳಿಸಲು ಒಟ್ಟಾರೆ ಕಟ್ಟುವ ಬಡ್ಡಿ ಸುಮಾರು 73,700ರಷ್ಟು ಹೆಚ್ಚುತ್ತದೆ.

ವಿವರಪಟ್ಟಿಯನ್ನು ಹಿಡಿದು ಕುಳಿತ ಆ ವಾರ ಕಣ್ಣಿಗೆ ಬಿದ್ದ ಮತ್ತೊಂದು ಸಂಗತಿ ವಿಮೆಯದು. ಸಾಲದ ಜೊತೆಗೆ ಜೀವವಿಮೆಯನ್ನೂ ಮಾಡಿಸಿದ್ದರು, ಅದರ ಕಂತನ್ನು ನಾವು ಕೈಯಿಂದ ಕೊಡಬೇಕಾಗಿರಲಿಲ್ಲ, ಸಾಲದ ಮೊತ್ತಕ್ಕೇ ಸೇರಿಸಿದ್ದರು. ಅದನ್ನು ಆಗ ಸೌಲಭ್ಯ ಎಂದು ತಿಳಿದಿದ್ದೆವು. ಹೀಗೆ ಲಕ್ಷದಲ್ಲಿ ಸೇರಿಕೊಂಡ 3,000ಕ್ಕೂ 20 ವರ್ಷ ಬಡ್ಡಿ ಬೀಳುತ್ತದೆ. ಶೇಕಡಾ 9ರಲ್ಲೇ ಲೆಕ್ಕ ಹಾಕಿದರೂ ಆ 3,000 ಬಡ್ಡಿ ಸೇರಿ ಸುಮಾರು 6,480 ಆಗುತ್ತದೆ. ಮನೆ ಸಾಲವಿರುವ ಕುಟುಂಬಕ್ಕೆ ವಿಮೆ ಬೇಕೇ ಬೇಕು ಎಂದು ನಾನು ಈಗಲೂ ನಂಬುತ್ತೇನೆ. ಅದರ ಹಣವನ್ನು ಸಾಲದೊಳಗೆ ಸೇರಿಸಲು ಒಪ್ಪಬಾರದಿತ್ತು. ಅರ್ಜಿ ಶುಲ್ಕ, ಕಾನೂನು ಪರಿಶೀಲನೆ, ಮೌಲ್ಯಮಾಪನ, ನೋಂದಣಿ, ಪ್ರತಿ ವರ್ಷದ ತೆರಿಗೆ, ದುರಸ್ತಿ ಇವೆಲ್ಲ ಬೇರೆ. ಅವುಗಳ ಬಗ್ಗೆ ಎಲ್ಲರೂ ಹೇಳುತ್ತಾರೆ, ನಾನು ಬೆಳೆಸುವುದಿಲ್ಲ.

ಇಪ್ಪತ್ತು ವರ್ಷದ ಮೇಲೆ ಕಟ್ಟುವ 900 ಇಂದಿನ 900ಕ್ಕೆ ಸಮನಲ್ಲ, ಹಣದ ಬೆಲೆ ಕುಗ್ಗುತ್ತದೆ, ಸಂಬಳ ಏರುತ್ತದೆ, ಆದ್ದರಿಂದ ಒಟ್ಟು ಮೊತ್ತವನ್ನು ನೋಡಿ ಹೆದರಬಾರದು ಎಂದು ಒಬ್ಬ ಹಿರಿಯರು ನನಗೆ ಹೇಳಿದರು. ಆ ಮಾತಿನಲ್ಲಿ ಸತ್ಯವಿದೆ. ಆದರೆ ಹಣದ ಬೆಲೆ ಕುಗ್ಗುವ ಕಾಲದಲ್ಲಿ ಸಾಮಾನ್ಯವಾಗಿ ಬಡ್ಡಿದರವೂ ಏರುತ್ತದೆ, ಬದಲಾಗುವ ದರದ ಸಾಲ ಪಡೆದವನಿಗೆ ಆ ಲಾಭ ಪೂರ್ತಿಯಾಗಿ ಸಿಗುವುದಿಲ್ಲ. ನಮಗಂತೂ ಸಿಗಲಿಲ್ಲ.

ಅನಂತರ ನಾವು ಮಾಡಿದ್ದನ್ನು ಹೇಳುತ್ತೇನೆ, ಏಕೆಂದರೆ ಅಲ್ಲಿಯೂ ಒಂದು ಗುಂಡಿಯಿತ್ತು. ಇನ್ನೊಂದು ಸಂಸ್ಥೆಯವರು ನಮ್ಮ ಸಾಲವನ್ನು ಶೇಕಡಾ 9ಕ್ಕೆ ವರ್ಗಾಯಿಸಿಕೊಳ್ಳುವುದಾಗಿಯೂ, ಕಂತು 900ರಿಂದ 815ಕ್ಕೆ ಇಳಿಯುವುದಾಗಿಯೂ ಹೇಳಿದರು. ದರವೂ ಕಡಿಮೆ, ಕಂತೂ ಕಡಿಮೆ. ಸಹಿ ಹಾಕಲು ನಾನು ಸಿದ್ಧನಾಗಿದ್ದೆ. ಅವಧಿ ಎಷ್ಟು ಎಂದು ನನ್ನ ಹೆಂಡತಿ ಕೇಳಿದಳು. ಹೊಸದಾಗಿ 20 ವರ್ಷ ಎಂಬ ಉತ್ತರ ಬಂತು. ಬಾಕಿಯಿದ್ದ 90,500ಕ್ಕೆ ಆ ರೀತಿ ಒಟ್ಟು 1,95,500 ಕಟ್ಟಬೇಕಾಗುತ್ತಿತ್ತು. ಅದರ ಬದಲು ಇದ್ದಲ್ಲೇ, ಶೇಕಡಾ 10.5ರಲ್ಲೇ ಮುಂದುವರಿದು, ಕಂತನ್ನು 1,031ಕ್ಕೆ ಏರಿಸಿ ಮೊದಲು ಗೊತ್ತಾಗಿದ್ದ 14 ವರ್ಷಗಳಲ್ಲೇ ಮುಗಿಸಿದರೆ 1,73,100 ಸಾಕಾಗುತ್ತಿತ್ತು. ಕಡಿಮೆ ದರದ ಸಾಲವೇ ಹೆಚ್ಚು ದುಬಾರಿಯಾಗಬಹುದು ಎಂಬುದನ್ನು ಈ ಲೆಕ್ಕ ಕಾಗದದ ಮೇಲೆ ಕಾಣುವವರೆಗೆ ನಾನು ನಂಬಿರಲಿಲ್ಲ.

ಆ ಲೆಕ್ಕವನ್ನು ಹಿಡಿದು ನಮ್ಮ ಸಂಸ್ಥೆಗೇ ಮತ್ತೆ ಹೋದೆವು. ಹೊಸ ಗ್ರಾಹಕರಿಗೆ ಅವರು ನಮಗಿಂತ ಕಡಿಮೆ ದರದಲ್ಲಿ ಸಾಲ ಕೊಡುತ್ತಿದ್ದರು; ಹಳೆಯ ಗ್ರಾಹಕರು ಬರೆದು ಕೇಳಿ, ಸಣ್ಣ ಶುಲ್ಕ ಕೊಟ್ಟರೆ ದರ ಇಳಿಸುವ ವ್ಯವಸ್ಥೆ ಅವರಲ್ಲೇ ಇತ್ತು. ಕೇಳದವರಿಗೆ ಅದನ್ನು ಯಾರೂ ಹೇಳುತ್ತಿರಲಿಲ್ಲ. ನನಗೆ ಈ ಇಡೀ ಪ್ರಕರಣದಲ್ಲಿ ಅತಿ ಹೆಚ್ಚು ನೋವು ಕೊಟ್ಟದ್ದು ಇದೇ. ದರ 9.5ಕ್ಕೆ ಇಳಿಯಿತು. 14 ವರ್ಷಗಳಲ್ಲಿ ಮುಗಿಯುವಂತೆ ಕಂತನ್ನು 976 ಮಾಡಿಸಿಕೊಂಡೆವು. ತಿಂಗಳಿಗೆ 76 ಹೆಚ್ಚು ಕಟ್ಟುವುದರಿಂದ, ಏನೂ ಮಾಡದೆ ಬಿಟ್ಟಿದ್ದರೆ ಹೋಗುತ್ತಿದ್ದ ಹಣದಲ್ಲಿ ಲಕ್ಷಕ್ಕೆ 55,000ಕ್ಕೂ ಹೆಚ್ಚು ಉಳಿಯಿತು. ಇದೇ ಪತ್ರವನ್ನು ಮೂರು ವರ್ಷ ಮೊದಲು ಬರೆದಿದ್ದರೆ ಇನ್ನೂ ಹೆಚ್ಚು ಉಳಿಯುತ್ತಿತ್ತು.

ಕೈಯಲ್ಲಿ ಹೆಚ್ಚುವರಿ ಹಣ ಬಂದಾಗ ಸಾಲಕ್ಕೆ ಕಟ್ಟುವವರಿಗೂ ಒಂದು ಮಾತು. ಶೇಕಡಾ 9ರ 20 ವರ್ಷದ ಸಾಲದಲ್ಲಿ ಮೊದಲ ವರ್ಷದ ಕೊನೆಗೆ ಅಸಲಿಗೆ ಕಟ್ಟಿದ 1,000, ಕೊನೆಯ ಸುಮಾರು ಆರು ಕಂತುಗಳನ್ನು ಅಳಿಸುತ್ತದೆ. ಅದೇ 1,000ವನ್ನು ಹದಿನೈದನೆಯ ವರ್ಷದ ಕೊನೆಗೆ ಕಟ್ಟಿದರೆ ಎರಡು ಕಂತೂ ಪೂರ್ತಿ ಅಳಿಯುವುದಿಲ್ಲ. ಆದರೆ ಆ ಹಣ ಅಸಲಿಗೇ ಜಮಾ ಆಗಿದೆಯೇ ಎಂದು ನೋಡಿಕೊಳ್ಳಬೇಕು. ನನ್ನ ಪರಿಚಿತರೊಬ್ಬರು ಕಟ್ಟಿದ ದೊಡ್ಡ ಮೊತ್ತವನ್ನು ಮುಂದಿನ ತಿಂಗಳುಗಳ ಕಂತು ಎಂದು ಜಮಾ ಮಾಡಿಕೊಂಡಿದ್ದರು. ಕೆಲವು ತಿಂಗಳು ಅವರು ಕಂತು ಕಟ್ಟಬೇಕಾಗಲಿಲ್ಲ, ಬಡ್ಡಿ ಮಾತ್ರ ಅಂದುಕೊಂಡಷ್ಟು ಇಳಿಯಲಿಲ್ಲ. ಅವಧಿಗೆ ಮುನ್ನ ಕಟ್ಟಿದರೆ ದಂಡವಿದೆಯೇ ಎಂಬುದೂ ಕರಾರಿನಲ್ಲೇ ಇರುತ್ತದೆ, ಹಣ ಕಟ್ಟುವ ಮೊದಲು ಆ ಪುಟವನ್ನು ತೆಗೆದು ಓದಿ.

ಈಗಾಗಲೇ ಸಾಲ ಪಡೆದಿರುವವರು ಈ ವಾರವೇ ಖಾತೆಯ ವಿವರಪಟ್ಟಿಯನ್ನು ತರಿಸಿಕೊಂಡು, ಬಾಕಿ ಅಸಲು, ಇಂದಿನ ದರ, ಉಳಿದ ಕಂತುಗಳ ಸಂಖ್ಯೆ, ಈ ಮೂರನ್ನು ಒಂದು ಹಾಳೆಯಲ್ಲಿ ಬರೆದುಕೊಳ್ಳಿ. ಉಳಿದ ಕಂತುಗಳಿಗೆ ಕಟ್ಟಿ ಮುಗಿಸಿದವುಗಳನ್ನು ಕೂಡಿಸಿದಾಗ ಮೊದಲು ಒಪ್ಪಿಕೊಂಡ ಸಂಖ್ಯೆ ಬರದಿದ್ದರೆ, ಯಾವ ದಿನಾಂಕದಿಂದ, ಯಾವ ದರಕ್ಕೆ, ಎಷ್ಟು ಕಂತು ಹೆಚ್ಚಿಸಲಾಗಿದೆ ಎಂದು ಬರವಣಿಗೆಯಲ್ಲಿ ಕೇಳಿ, ಹೊಸ ಗ್ರಾಹಕರ ದರ ಎಷ್ಟು ಎಂದೂ ಅದೇ ಪತ್ರದಲ್ಲಿ ಕೇಳಿ. ನಮ್ಮ ಮನೆಯಲ್ಲಿ ಆ ಹಾಳೆ ಈಗ ಕಪಾಟಿನ ಬಾಗಿಲ ಒಳಬದಿಗೆ ಅಂಟಿದೆ, ಆರು ತಿಂಗಳಿಗೊಮ್ಮೆ ಅದಕ್ಕೆ ಒಂದು ಸಾಲು ಸೇರುತ್ತದೆ. ಮೊನ್ನೆ ಬರೆದ ಸಾಲಿನಲ್ಲಿ ಉಳಿದ ಕಂತುಗಳು 150.