ಹಾಡಿನ ಸಾಹಿತ್ಯ: ಟ್ಯಾಗ್‌ನೊಳಗೋ, ಎಲ್‌ಆರ್‌ಸಿ ಕಡತದಲ್ಲೋ?

ಎಂಪಿ3 ಸಂಗ್ರಹಕ್ಕೆ ಸಾಹಿತ್ಯ ಸೇರಿಸಲು ಎರಡು ದಾರಿಗಳಿವೆ: ಎಂಪಿ3ಟ್ಯಾಗ್‌ನಂತಹ ತಂತ್ರಾಂಶದಿಂದ ಹಾಡಿನ ಟ್ಯಾಗ್‌ನೊಳಗೇ (ಹೆಸರು, ಗಾಯಕರಂತಹ ವಿವರಗಳನ್ನಿಡುವ, ಹಾಡಿನ ಕಡತದ್ದೇ ಭಾಗ) ಬರೆಯುವುದು, ಅಥವಾ ಹಾಡಿನ ಹೆಸರಿನದೇ ಎಲ್‌ಆರ್‌ಸಿ ಕಡತವನ್ನು (ಸಾಹಿತ್ಯವಿರುವ ಸರಳ ಪಠ್ಯ ಕಡತ) ಅದೇ ಫೋಲ್ಡರಿನಲ್ಲಿ ಇಡುವುದು. ವಿಂಡೋಸ್‌ನಲ್ಲಾದರೆ ಎರಡಕ್ಕೂ ಹಣ ತೆರಬೇಕಿಲ್ಲ.

ಬಾಳಿಕೆಯಲ್ಲಿ ಟ್ಯಾಗ್ ಮೇಲು. ಹಾಡಿನ ಹೆಸರು ಬದಲಿಸಿದರೂ, ಪೆನ್‌ಡ್ರೈವ್‌ಗೆ ಹಾಕಿಕೊಂಡರೂ ಸಾಹಿತ್ಯ ಜೊತೆಗೇ ಹೋಗುತ್ತದೆ. ಎಲ್‌ಆರ್‌ಸಿಯಾದರೆ ಹೆಸರು ಬದಲಾದೊಡನೆ ನಂಟು ಕಡಿಯುತ್ತದೆ. ಆದರೆ ಅದರ ಪ್ರತಿ ಸಾಲಿನ ಮುಂದೆ [00:42.10] ಎಂಬಂತೆ ಸಮಯವಿರುವುದರಿಂದ, ಹಾಡು ಸಾಗಿದಂತೆ ಸಾಲುಗಳೂ ತೆರೆಯ ಮೇಲೆ ಸಾಗುತ್ತವೆ. ಟ್ಯಾಗ್‌ನಲ್ಲೂ ಸಮಯ ಕೂಡಿಸಬಹುದಾದರೂ ಅದನ್ನು ಎಲ್ಲ ಪ್ಲೇಯರ್‌ಗಳೂ ಓದುವುದಿಲ್ಲ. ತಿದ್ದುವುದಕ್ಕೂ ಎಲ್‌ಆರ್‌ಸಿಯೇ ಸುಲಭ: ನೋಟ್‌ಪ್ಯಾಡ್ ಸಾಕು, ಕನ್ನಡವಾದರೆ ಯುಟಿಎಫ್-8 ಎಂಬ ಅಕ್ಷರ ಸಂಕೇತದಲ್ಲಿ ಉಳಿಸಬೇಕು ಅಷ್ಟೆ.

ನಿಜವಾದ ಶ್ರಮವಿರುವುದು ಹುಡುಕಾಟದಲ್ಲಿ. ಎಲ್‌ಆರ್‌ಸಿಲಿಬ್‌ನಂತಹ ಉಚಿತ ಭಂಡಾರದಲ್ಲಿ ಇಂಗ್ಲಿಷ್ ಹಾಡುಗಳು ಸಲೀಸಾಗಿ ಸಿಗುತ್ತವೆ. ಕನ್ನಡದ್ದು ಸಿಕ್ಕರೂ ಹಲವು ಬಾರಿ ರೋಮನ್ ಲಿಪಿಯಲ್ಲಿರುತ್ತದೆ. ದಾಸರ ಪದಗಳಲ್ಲಂತೂ ಗಾಯಕರು ಚರಣಗಳನ್ನು ಬಿಡುವುದುಂಟು, ಪಾಠಾಂತರಗಳೂ ಇವೆ; ಆದ್ದರಿಂದ ಮುದ್ರಿತ ಪಠ್ಯವನ್ನು ಧ್ವನಿಮುದ್ರಣದೊಂದಿಗೆ ಹೋಲಿಸದೆ ಸೇರಿಸುವುದು ಸರಿಯಲ್ಲ.

ಜೊತೆಗೆ ಹಾಡಿ ಕಲಿಯುವವರಿಗೆ ಎಲ್‌ಆರ್‌ಸಿ ಒಪ್ಪುತ್ತದೆ. ಸಂಗ್ರಹವನ್ನು ಆಗಾಗ ಬೇರೆ ಸಾಧನಗಳಿಗೆ ಸಾಗಿಸುವವರು ಟ್ಯಾಗ್‌ನಲ್ಲಿ ಬರೆಯುವುದು ಲೇಸು. ಹಾಗೆ ಮಾಡುವ ಮುನ್ನ ಮೂಲ ಹಾಡುಗಳ ಒಂದು ಪ್ರತಿಯನ್ನು ತೆಗೆದಿಟ್ಟುಕೊಳ್ಳಬೇಕು.