ಒಂದೂವರೆ ಸಾವಿರಕ್ಕೆ ಎರಡು ದಿನ ಪಿಂಟರ್

ನಾನು ಧಾರವಾಡದವನು, ಪುಣೆಯಲ್ಲಿ ಮದುವೆ ವಿಡಿಯೋ ಮಾಡ್ತೀನಿ. ಕನ್ನಡ ಸಂಘದಲ್ಲಿ ಪರಿಚಯವಾದ ಗೆಳೆಯ ಎಳೆದುಕೊಂಡು ಹೋದ ಅಂತ ಕರ್ವೆ ರಸ್ತೆ ಕಡೆಯ ಒಂದು ಸಣ್ಣ ಸಿನಿಮಾ ಕ್ಲಬ್ಬಿನ ಕ್ಲಾಸಿಗೆ ಕೂತೆ. ಶನಿವಾರ, ಭಾನುವಾರ ಸೇರಿ 1,500 ರೂಪಾಯಿ. ಪಾಠ ಒಬ್ಬನೇ ಕ್ಯಾಮೆರಾಮನ್ ಮೇಲೆ: 1926ರಲ್ಲಿ ಜಾಗ್ರೆಬ್‌ನಲ್ಲಿ ಹುಟ್ಟಿದ ಕ್ರೊಯೇಷಿಯಾದ ತೊಮಿಸ್ಲಾವ್ ಪಿಂಟರ್. ಹೆಸರೇ ಕೇಳಿರಲಿಲ್ಲ.

ಶನಿವಾರ ಕಪ್ಪು ಬಿಳುಪು. 1966ರ 'ರೊಂಡೊ'. ಗಂಡ, ಹೆಂಡತಿ, ಭಾನುವಾರ ಬಂತೆಂದರೆ ಚೆಸ್ ಆಡಲು ಹಾಜರಾಗುವ ಒಬ್ಬ ಜಡ್ಜ್. ಹೆಚ್ಚುಕಮ್ಮಿ ಒಂದೇ ಮನೆಯೊಳಗಿನ ಕಥೆ, ಆದರೂ ಬೇಸರವಾಗಲಿಲ್ಲ. ಮಧ್ಯಾಹ್ನ 'ತ್ರಿ' ತೋರಿಸಿದರು, ಆಸ್ಕರ್ ನಾಮನಿರ್ದೇಶನದವರೆಗೆ ಹೋದ ಯುದ್ಧದ ಚಿತ್ರ. ಊಟ ಆದ ಮೇಲೆ ಹಾಕಿದರು, ಅರ್ಧ ನಿದ್ದೆಯಲ್ಲಿ ನೋಡಿದೆ.

ಭಾನುವಾರ ಬಣ್ಣ. ಕಾನ್ ಚಿತ್ರೋತ್ಸವದಲ್ಲಿ ಜ್ಯೂರಿಯ ದೊಡ್ಡ ಪ್ರಶಸ್ತಿ ಗೆದ್ದ 1967ರ 'ಸ್ಕುಪ್ಲ್ಯಾಚಿ ಪೆರ್ಯಾ', ಹೆಬ್ಬಾತಿನ ಗರಿ ಮಾರಿ ಬದುಕುವ ಜಿಪ್ಸಿಗಳ ಕಥೆ. ಓಡುತ್ತಿರುವ ಲಾರಿಯ ಮೇಲೆ ನಾಯಕ ಮೂಟೆಗಳನ್ನೇ ಹರಿದು ಗರಿ ಹಾರಿಸುವ ದೃಶ್ಯ ಬಂತು. ಗರಿ ನೋಡಿದರೆ ಹಸಿರು! ಕೊತ್ತಂಬರಿ ತೊಳೆದ ನೀರಲ್ಲಿ ಅದ್ದಿದ ಹಾಗೆ. ಪ್ರೊಜೆಕ್ಟರ್ ಕೆಟ್ಟಿತ್ತು. ಬಣ್ಣದ ಪಾಠಕ್ಕೇ ದುಡ್ಡು ತಗೊಂಡು ಇದನ್ನು ಮೊದಲೇ ನೋಡಬಾರದಿತ್ತಾ? ತಡೆಯಲಾಗದೆ ನಾನೇ ಎದ್ದು ಹೋಗಿ, ಮೆನು ತೆಗೆದು, ಹಸಿರು ಇಳಿಸಿದೆ. ಪಾಪ, ಹಿಂದಕ್ಕೆ ಓಡಿಸಿ ಮತ್ತೆ ತೋರಿಸಿದರು. ಮಂಕು ರಸ್ತೆಯ ಮೇಲೆ ಅಚ್ಚ ಬಿಳಿ ಗರಿ. ಯಾರೂ ಮಾತಾಡಲಿಲ್ಲ.

ಆಮೇಲೆ 'ಬ್ರೆಜಾ'. ಅದೂ 1967ರದೇ. ಕ್ರೊಯೇಷಿಯಾದ ಹಳ್ಳಿ ಕಲಾವಿದರು ಗಾಜಿನ ಮೇಲೆ ಬರೆಯುವ ಚಿತ್ರಗಳ ಹಾಗೆ ಇಡೀ ಸಿನಿಮಾ. ಇವೆರಡನ್ನೂ ಇಬ್ಬರು ಬೇರೆ ಬೇರೆ ಜನ ತೆಗೆದಂತಿದೆ. ಪಾಠ ಮಾಡಿದವರು ಅದನ್ನೇ ಹಿಡಿದು ಕೇಳಿದರು, ಒಂದೇ ವರ್ಷ ಎರಡು ಕಣ್ಣು ಹೇಗೆ ಅಂತ. ನಾನು ತಲೆ ತಗ್ಗಿಸಿದೆ. ಎಂಟು ವರ್ಷದಿಂದ ಎಲ್ಲಾ ಮದುವೆಗೂ ಒಂದೇ ಕಿತ್ತಳೆ ಬಣ್ಣದ ಪ್ರಿಸೆಟ್ (ಎಡಿಟಿಂಗಿನಲ್ಲಿ ಮೊದಲೇ ಸಿದ್ಧ ಮಾಡಿಟ್ಟ ಬಣ್ಣದ ಹೊಂದಿಕೆ) ಹಾಕುವವನು ನಾನು.

ಪ್ರೊಜೆಕ್ಟರಿಗೆ ಸೊನ್ನೆ, ಪಾಠಕ್ಕೆ ಪೂರ್ತಿ ಮಾರ್ಕು. ಚಹಾ ಜಾಸ್ತಿ ಸಿಹಿ. ಹೋಗುವುದಾದರೆ ಹೋಗಿ.

ಹೋದ ವಾರ ಚಿಂಚವಾಡದ ಒಂದು ಮದುವೆಗೆ ಪ್ರಿಸೆಟ್ ಇಲ್ಲದೆ ಎಡಿಟ್ ಮಾಡಿ ಕಳಿಸಿದೆ. ಹುಡುಗಿಯ ಅಮ್ಮ ಫೋನ್ ಮಾಡಿದರು. "ಬಣ್ಣ ಯಾಕೋ ಸಪ್ಪೆ ಅಲ್ವಾ?" ರಾತ್ರಿ ಕೂತು ಕಿತ್ತಳೆ ವಾಪಸ್ ಹಾಕಿದೆ.