ಸ್ವಪ್ನಸಿಂಧೂರ: ಆಟಕ್ಕೆ ಇಳಿಸುವ ಮುನ್ನ ಲೆಕ್ಕ ಹಾಕಿ

ಸ್ವಪ್ನಸಿಂಧೂರ ನಮ್ಮ ರೋಲ್‌ಪ್ಲೇ ಆಟಕ್ಕೆಂದು, ಅಂದರೆ ಮೇಜಿನ ಸುತ್ತ ಕೂತು ಪಾತ್ರ ವಹಿಸಿ, ದಾಳ ಹಾಕಿ ಕಥೆ ನಡೆಸುವ ಆಟಕ್ಕೆಂದು ಕಟ್ಟಿದ ಕಲ್ಪಿತ ಲೋಕದ ಸರಕು. ಮಲಗಿದವರ ಕನಸನ್ನು ಶೀಶೆಗೆ ಇಳಿಸಿ, ಗಂಧಕದ ಜೊತೆ ಅರೆದು, ಬೇಯಿಸಿ ಕೆಂಪು ಪುಡಿ ಮಾಡುತ್ತಾರೆ. ಒಂದು ಗುಲಗಂಜಿ ತೂಕ ನಾಲಿಗೆಗೆ ಹಚ್ಚಿಕೊಂಡವರು ಆ ಕನಸಿನೊಳಗೆ ಹೊಕ್ಕು ಬರುತ್ತಾರೆ. ಕೇಳಲು ಚೆಂದ. ಆರನೇ ಸೆಷನ್ನಿಗೆ ಆಟ ಮಗುಚಿಬಿತ್ತು. ಇಂಥದ್ದನ್ನು ಆಟಕ್ಕೋ ಕಾದಂಬರಿಗೋ ತರಲು ಹೊರಟವರು ಅದು ಎಲ್ಲೆಲ್ಲಿ ಸೋರಿತೆಂದು ನೋಡಿಕೊಳ್ಳಿ.

ಮೊದಲ ತೂತು ಪೂರೈಕೆಯದು. ಒಂದು ಕನಸಿಗೆ ಒಂದು ಗುಲಗಂಜಿ ಪುಡಿ, ಅದರ ಬೆಲೆ ಒಂದು ಕುದುರೆ ಅಂತ ನಿಯಮ ಬರೆದಾಗಿತ್ತು. "ಊರಿನವರೆಲ್ಲ ದಿನಾ ಮಲಗ್ತಾರಲ್ಲ?" ಅಂತ ಒಬ್ಬ ಆಟಗಾರ ಕೇಳಿದ ಕೂಡಲೇ ಕಥೆ ಮುಗಿಯಿತು. 5,000 ಜನರ ಪಟ್ಟಣದಲ್ಲಿ ತಿಂಗಳಿಗೆ 1,50,000 ಗುಲಗಂಜಿ. ಗುಲಗಂಜಿಗೆ ಸುಮಾರು 125 ಮಿಲಿಗ್ರಾಂ ಹಿಡಿದರೂ 18 ಕಿಲೋ ಮೀರುತ್ತದೆ. ಅಷ್ಟು ಕುದುರೆ ಆ ರಾಜ್ಯದಲ್ಲೇ ಇರಲಿಲ್ಲ! ಕನಸು ಗಣಿಯಂತೆ ಬರಿದಾಗುವುದಿಲ್ಲ. ಹಾಗಾಗಿ ಕೊರತೆಯನ್ನು ತಯಾರಿಕೆಯಲ್ಲೇ ಕೂರಿಸಬೇಕು.

ಇದಕ್ಕೆ ನಮ್ಮ ಆಯುರ್ವೇದದ ರಸಶಾಸ್ತ್ರದಲ್ಲೇ ದಾರಿಯಿದೆ. ರಸಸಿಂಧೂರ ಎಂಬ ಪಾದರಸದ ಕೆಂಪು ಔಷಧಿ ಮಾಡುವ ಕ್ರಮ ನೋಡಿ. ಪಾದರಸ, ಗಂಧಕ ಅರೆದರೆ ಕಪ್ಪು ಕಜ್ಜಲಿ. ಅದನ್ನು ಮಣ್ಣುಬಟ್ಟೆಯ ಏಳು ಸುತ್ತು ಹಾಕಿದ ಗಾಜಿನ ಶೀಶೆಗೆ ಮೂರನೇ ಒಂದು ಭಾಗದಷ್ಟೇ ತುಂಬಿ, ಮರಳು ತುಂಬಿದ ಪಾತ್ರೆಯಲ್ಲಿ, ಅಂದರೆ ವಾಲುಕಾಯಂತ್ರದಲ್ಲಿ ಹೂಳುತ್ತಾರೆ. ಉರಿ ಮೊದಲು ಮಂದ, ಆಮೇಲೆ ಮಧ್ಯಮ, ಕೊನೆಗೆ ತೀವ್ರ. ಗಂಧಕ ಶೀಶೆಯ ಕತ್ತಿನಲ್ಲಿ ಕಟ್ಟಿಕೊಳ್ಳುತ್ತದೆ, ಕಾದ ಕಬ್ಬಿಣದ ಸಲಾಕೆಯಿಂದ ಬಿಡಿಸುತ್ತಿರಬೇಕು. ಮರೆತರೆ ಶೀಶೆ ಸಿಡಿಯುತ್ತದೆ. ಹೊಗೆ ನಿಂತ ಮೇಲೆ ಬಿರಡೆ, ತಾನಾಗಿ ಆರಿದ ಮೇಲೆ ಒಡೆಯುವುದು. ಕೆಂಪು ಪದಾರ್ಥ ಕತ್ತಿಗೆ ಅಂಟಿರುತ್ತದೆ.

ಈ ಒಂದೊಂದು ಹೆಜ್ಜೆಯೂ ಆಟಕ್ಕೆ ಒಂದೊಂದು ಬೀಗ. ನಾವು ತಿದ್ದಿದ್ದು ಹೀಗೆ: ಒಂದು ಶೀಶೆಗೆ ಮೂರು ದಿನದ ಉರಿ, ಸಿಕ್ಕುವುದು 8 ಗುಲಗಂಜಿ, ಎರಡರಲ್ಲೊಂದು ಶೀಶೆ ಸಿಡಿಯುತ್ತದೆ. ಪಟ್ಟಣಕ್ಕೆ ಎರಡೇ ಒಲೆ. ತಿಂಗಳಿಗೆ 20 ಶೀಶೆ, ಉಳಿಯುವುದು 10, ಅಂದರೆ 80 ಗುಲಗಂಜಿ. ಈಗ ಕುದುರೆಯ ಬೆಲೆಗೆ ಅರ್ಥ ಬಂತು. ಒಲೆ ಯಾರ ಕೈಯಲ್ಲಿದೆ, ಸಲಾಕೆ ಹಿಡಿಯಬಲ್ಲವರು ಯಾರು, ಗಂಧಕಕ್ಕೆ ಸುಂಕ ಎಷ್ಟು ಎಂಬ ರಾಜಕೀಯವೂ ತಾನಾಗೇ ಹುಟ್ಟಿಕೊಂಡಿತು. ಸೀಮೆಯ ಇತಿಹಾಸ ಅಂತ ಮೊದಲು ಬರೆದಿಟ್ಟಿದ್ದ ಹನ್ನೆರಡು ಪುಟ ಯಾರಿಗೂ ಬೇಕಾಗಲಿಲ್ಲ.

ಎರಡನೆಯದು ದಾಳದ ತಪ್ಪು. ಪುಡಿ ತಗೊಂಡಾಗ ಇಪ್ಪತ್ತು ಮುಖದ ದಾಳದಲ್ಲಿ 1 ಬಿದ್ದರೆ ಮಾತ್ರ ಅದು ವಿಷವಾಗುತ್ತದೆ ಅಂತಿತ್ತು. ದಿನಕ್ಕೆ ಮೂರು ಸಲ ತಗೊಂಡರೂ ಶೇ. 86ರಷ್ಟು ಬಾರಿ ಏನೂ ಆಗುವುದಿಲ್ಲ. ಆಟಗಾರರು ಅಡಿಕೆ ಜಗಿದಂತೆ ಜಗಿದರು. ಮೊದಲನೇ ಸಲ 1ರಿಂದ 3, ಅದೇ ದಿನ ಎರಡನೇ ಸಲ 1ರಿಂದ 6, ಮೂರನೇ ಸಲ 1ರಿಂದ 9 ಬಿದ್ದರೆ ವಿಷ ಅಂತ ಮಾಡಿ. ಮೂರನ್ನೂ ದಾಟುವ ಸಾಧ್ಯತೆ ಶೇ. 33ಕ್ಕೆ ಇಳಿಯುತ್ತದೆ.

ಮೂರನೆಯದೇ ಎಲ್ಲಕ್ಕಿಂತ ಕೆಟ್ಟದ್ದು. ಕನಸು ಯಾರದು, ಹೇಗೆ ಸಿಕ್ಕಿತು ಅಂತ ನಿಯಮ ಕೇಳುತ್ತಲೇ ಇರಲಿಲ್ಲ. ಆಟಗಾರರು ಸೆರೆಮನೆ ಹಿಡಿದು, ಕೈದಿಗಳಿಗೆ ಅಫೀಮು ಕುಡಿಸಿ ಮಲಗಿಸತೊಡಗಿದರು. ಮೇಜಿನ ಸುತ್ತ ಕೂತವರಿಗೇ ಹೇಸಿಗೆಯಾಯಿತು. "ಹಾಗೆ ಮಾಡಬೇಡಿ" ಅಂತ ಬೈದು ಪ್ರಯೋಜನವಿಲ್ಲ, ವಸ್ತುವೇ ಒಪ್ಪಬಾರದು. ಕಪ್ಪು ಕಜ್ಜಲಿ, ಕೆಂಪು ರಸಸಿಂಧೂರ ಎರಡೂ ಪಾದರಸ ಮತ್ತು ಗಂಧಕದ ಸಂಯುಕ್ತವೇ, ಬೇರೆಯಿರುವುದು ಒಳಗಿನ ಜೋಡಣೆ ಮಾತ್ರ. ಅದನ್ನೇ ಎರವಲು ಪಡೆಯಿರಿ: ಬಲವಂತದ ನಿದ್ದೆಯ ಕನಸು ಎಷ್ಟು ಬೇಯಿಸಿದರೂ ಕೆಂಪಾಗುವುದಿಲ್ಲ, ಕಪ್ಪಾಗಿಯೇ ಉಳಿಯುತ್ತದೆ.

ಕನಸಿನೊಳಗೆ ಹೊಕ್ಕವರಿಗೆ ಕಥೆಯ ಗುಟ್ಟು ಬಯಲಾಗುವ ತೊಂದರೆ ಸಣ್ಣದು. ಕನಸು ಕಂಡವನಿಗೆ ಗೊತ್ತಿದ್ದಷ್ಟೇ ಕಾಣಬೇಕು, ಅದೂ ಚಿತ್ರವಾಗಿ, ಮಾತಾಗಿ ಅಲ್ಲ. ಕೊಲೆಗಾರನ ಹೆಸರಿನ ಬದಲು ಒದ್ದೆ ಚಪ್ಪಲಿ ಕಂಡರೆ ಪತ್ತೇದಾರಿ ಕಥೆ ಇನ್ನೂ ನಾಲ್ಕು ಸೆಷನ್ ಓಡುತ್ತದೆ.

ಇನ್ನೊಂದು, ಇದು ಆಟವಲ್ಲ. ಮೇಲಿನ ಕ್ರಮ ಓದಿ ಆಟದ ಮೇಜಿನ ಮೇಲೆ ತೋರಿಕೆಗೆ ಇಡಲು ನಿಜವಾದ ಇಂಗಲೀಕ (ಪಾದರಸ, ಗಂಧಕ ಕೂಡಿದ ಕೆಂಪು ಖನಿಜ) ತಂದು ಅಡುಗೆಮನೆಯಲ್ಲಿ ಕಾಯಿಸುವ ಯೋಚನೆ ಯಾರಿಗಾದರೂ ಬಂದಿದ್ದರೆ ಅಲ್ಲೇ ಬಿಡಿ. ಕಾದಾಗ ಅದು ಪಾದರಸದ ಆವಿ ಬಿಡುತ್ತದೆ. ಆ ಆವಿಗೆ ಬಣ್ಣವಿಲ್ಲ, ವಾಸನೆಯಿಲ್ಲ. ಉಸಿರಲ್ಲಿ ಹೋಗಿ ಮಿದುಳು, ಮೂತ್ರಪಿಂಡ ಎರಡನ್ನೂ ಕೆಡಿಸುತ್ತದೆ. ಅಂಗಡಿಯ ಸಿಂಧೂರದಲ್ಲೂ ಸೀಸ ಇರಬಹುದು. ಅದರ ಬದಲು ಸಣ್ಣ ಶೀಶೆಗೆ ಜರಡಿ ಹಿಡಿದ ಇಟ್ಟಿಗೆಪುಡಿ ಹಾಕಿ, ಬಿರಡೆಗೆ ಮೇಣ ಮೆತ್ತಿ. ಬಣ್ಣ ಬಹುತೇಕ ಅದೇ.